ಮೊದಲು ನಗು

"ಮೊದಲು ಜಡ್ಜ್‌ಗಳ ನಗು ತಗೊಂಡುಬಿಡೋಣ" ಎಂದರು ಕಾಮಿಡಿ ಶೋ ನಿರ್ದೇಶಕರು. ಜಡ್ಜ್‌ಗಳು ಮೂವರೂ ಕ್ಯಾಮೆರಾ ಮುಂದೆ ಹೊಟ್ಟೆ ಹಿಡಿದುಕೊಂಡು ನಕ್ಕು, ಕಣ್ಣೊರೆಸಿಕೊಂಡರು.

ಕೆಫೆಗಳಲ್ಲಿ ಮೈಕ್ ಹಿಡಿದು ನಗಿಸುತ್ತಿದ್ದ ಸುಹಾಸ್ ಟಿವಿ ನಟನಾಗಿ ಇನ್ನೂ ವರ್ಷ ತುಂಬಿರಲಿಲ್ಲ. "ನಾನಿನ್ನೂ ಬಾಯೇ ಬಿಟ್ಟಿಲ್ವಲ್ಲ ಸಾರ್?" ಎಂದ.

"ಬೇಕಾದ ಕಡೆ ಅಂಟಿಸ್ಕೋತೀವಿ. ನೀನು ನಿನ್ ಕೆಲ್ಸ ನೋಡ್ಕೊಳ್ಳಪ್ಪ."

ಸುಹಾಸ್ ವೇದಿಕೆ ಹತ್ತಿದ. ಬರೆದುಕೊಟ್ಟಿದ್ದ ಜೋಕು ಹೇಳಲಿಲ್ಲ.

"ಹೋದ ವಾರ ಇದೇ ಜಾಗದಲ್ಲಿ ನಮ್ಮ ಲೈಟ್‌ಬಾಯ್ ರುದ್ರೇಶ ಮೇಲಿಂದ ಬಿದ್ದು ಸತ್ತ. ಅವನನ್ನ ಆಟೋಗೆ ಹಾಕಿ ಕಳಿಸಿ, ನೆಲ ತೊಳೆಸಿ, ಶೂಟಿಂಗ್ ಮುಂದುವರಿಸಿದ್ರಿ. ಹೆಂಡ್ತಿಗೆ ಒಂದು ಫೋನಾದ್ರೂ ಮಾಡಿದ್ರಾ? ಥೂ, ನಿಮ್ಮ ಜನ್ಮಕ್ಕಿಷ್ಟು!"

ಜಡ್ಜ್‌ಗಳು ತಲೆ ತಗ್ಗಿಸಿದರು. ಕ್ಯಾಮೆರಾ ನಿಲ್ಲಿಸಿ ಎಂದು ಮಾತ್ರ ನಿರ್ದೇಶಕರು ಹೇಳಲಿಲ್ಲ. ಸುಹಾಸ್ ಮೈಕ್ ಬಿಸಾಡಿ ಹೊರಟುಹೋದ.

ಇದನ್ನು ಖಂಡಿತ ಕತ್ತರಿಸಿ ಎಸೆಯುತ್ತಾರೆ ಎಂದುಕೊಂಡಿದ್ದ. ಭಾನುವಾರ ಸಂಜೆ ಒಂದು ಮಾತೂ ಬಿಡದೆ ಪ್ರಸಾರವಾಯಿತು.

ಮುಗಿದ ಕೂಡಲೇ ರುದ್ರೇಶನ ಹೆಂಡತಿಯ ಫೋನ್ ಬಂತು.

"ಟೀವಿ ನೋಡ್ದೆ ಅಣ್ಣ. ನಮ್ಮನೆಯವ್ರು ಸತ್ತಿದ್ದಕ್ಕೆ ಅವ್ರೆಲ್ಲ ಯಾಕಣ್ಣ ಅಷ್ಟೊಂದು ನಕ್ರು?"