ಏರಿಳಿಯುವ ಧಾರೆ

ಅಂಗಳದ ಪಾಚಿ ತೊಳೆಯಲು ತಂದಿದ್ದ ಪ್ರೆಶರ್ ವಾಷರ್ ನಾಲ್ಕು ದಿನದಿಂದ ಕೈಕೊಡುತ್ತಿತ್ತು. ನೀರು ಜೋರಾಗಿ ಚಿಮ್ಮಿ, ಇದ್ದಕ್ಕಿದ್ದಂತೆ ಸೊರಗಿ, ಮತ್ತೆ ಚಿಮ್ಮುತ್ತಿತ್ತು. ರಿಪೇರಿಗೆ ಬಂದ ನಯಾಜ್ ಮೂತಿಯನ್ನು ಬಿಚ್ಚಿ ಸೂಜಿಯಿಂದ ಚುಚ್ಚಿದ, ಫಿಲ್ಟರ್ ತೊಳೆದ. ಏನೂ ಬದಲಾಗಲಿಲ್ಲ.

ನನ್ನ ಅರ್ಧ ಗಮನ ಕೈಯಲ್ಲಿದ್ದ ಫೋನಿನ ಮೇಲಿತ್ತು. ಕಾಲೇಜಿನ ಕೆಲಸಕ್ಕೆ ಮರಳುತ್ತೇನೋ ಇಲ್ಲವೋ ಎಂದು ಅಂದು ಸಂಜೆಯೊಳಗೆ ತಿಳಿಸಬೇಕಿತ್ತು. ಪಾರ್ಶ್ವವಾಯು ಬಡಿದ ಮಾವನವರನ್ನು ಬಿಟ್ಟು ಹೋಗುವುದಾದರೂ ಹೇಗೆ?

ನಯಾಜ್ ಪೈಪನ್ನು ನಲ್ಲಿಯಿಂದ ಕಿತ್ತು, ನೀರು ತುಂಬಿದ ಡ್ರಮ್ಮಿನೊಳಗೆ ಇಳಿಬಿಟ್ಟ. ಧಾರೆ ಒಂದೇ ಸಮ ಹರಿಯಿತು.

“ಮಿಷನ್ ಚೆನ್ನಾಗೈತೆ ಅಕ್ಕಾ. ಒಳಗಡೆ ಯಾರೋ ನಲ್ಲಿ ಬಿಡ್ತಾವ್ರೆ, ಅದಕ್ಕೇ ಇಲ್ಲಿ ನೀರು ಕಮ್ಮಿ ಆಗ್ತೈತೆ.”

“ಒಳಗೆ ಇರೋದು ನಮ್ಮ ಮಾವ ಒಬ್ಬರೇ. ಒಂದು ವರ್ಷದಿಂದ ಹಾಸಿಗೆ ಬಿಟ್ಟು ಎದ್ದಿಲ್ಲ. ಗಂಜೀನೂ ನಾನೇ ಕುಡಿಸ್ಬೇಕು.”

“ಹಂಗಾದ್ರೆ ನಿಮ್ಮನೇಲಿ ದೆವ್ವ ಸ್ನಾನ ಮಾಡ್ತೈತೆ ಬಿಡಿ,” ಎಂದು ನಕ್ಕು ಪೈಪನ್ನು ಮತ್ತೆ ನಲ್ಲಿಗೆ ಸಿಕ್ಕಿಸಿದ. ಧಾರೆ ಸೊರಗಿತು. ತುಸು ಹೊತ್ತಿಗೆ ತಾನಾಗಿಯೇ ಜೋರಾಯಿತು.

“ನೋಡಿ, ಈಗ ನಿಲ್ಲಿಸಿದ್ರು.”

ನಾನು ಚಪ್ಪಲಿ ಬಿಟ್ಟು, ಸದ್ದಾಗದಂತೆ ಒಳಗೆ ಹೋದೆ. ಬಚ್ಚಲಿನಿಂದ ಮಂಚದವರೆಗೆ ಒದ್ದೆ ಹೆಜ್ಜೆಗಳಿದ್ದವು. ಮಾವ ಕುತ್ತಿಗೆಯವರೆಗೆ ಹೊದ್ದು, ಕಣ್ಣು ಮುಚ್ಚಿ ಮಲಗಿದ್ದರು.

“ಕೆಲಸಕ್ಕೆ ಬರಲ್ಲ ಅಂತ ಹೇಳ್ಬಿಟ್ಯೇನಮ್ಮಾ?” ಎಂದು ಕ್ಷೀಣ ದನಿಯಲ್ಲಿ ಕೇಳಿದರು.