ದೊಡ್ಡವಳು ಯಾರು

“ನಮ್ಮಕ್ಕನ್ಗೂ ಪಿಂಚಣಿ ಮಾಡ್ಕೊಡಿ ಸಾ,” ಎಂದು ಸಾಕಮ್ಮ ಹೇಳಿದ್ದೇ ತಡ, ನಾಡಕಚೇರಿಯ ಗುಮಾಸ್ತನ ಕೈ ಕೀಬೋರ್ಡಿನ ಮೇಲೆ ನಿಂತುಬಿಟ್ಟಿತು. ಅವನು ಇಬ್ಬರ ಆಧಾರ್ ಕಾರ್ಡುಗಳನ್ನೂ ಪಕ್ಕಪಕ್ಕದಲ್ಲಿಟ್ಟು ನೋಡಿದ. “ಅಕ್ಕನಾ? ನಿಮಗೆ ಅರವತ್ತೇಳು, ಪಿಂಚಣಿ ಬರ್ತಾ ಇದೆ. ಇವರಿಗೆ ಐವತ್ತೊಂಬತ್ತು. ಯಾವುದೋ ಒಂದು ಸುಳ್ಳು. ನಿಮ್ಮದೇ ಸುಳ್ಳಾದ್ರೆ ಪಿಂಚಣಿ ನಿಲ್ಲುತ್ತೆ.”

ಕಾರ್ಡು ಮಾಡಲು ಊರಿಗೆ ಬಂದಿದ್ದವರು ಮುಖ ನೋಡಿ ಅಂದಾಜಿನಲ್ಲಿ ವರ್ಷ ಬರೆದುಕೊಂಡು ಹೋಗಿದ್ದರು. ಆಗಲೇ ಹಲ್ಲು ಬಿದ್ದಿದ್ದ ಸಾಕಮ್ಮ ಮುದುಕಿಯಾಗಿ ಕಂಡಿದ್ದಳು. ಅವಳನ್ನು ಸೊಂಟದ ಮೇಲೆ ಹೊತ್ತು ಬೆಳೆಸಿದ್ದ ಅಕ್ಕ ಮುನಿರತ್ನಮ್ಮ ಕಾರ್ಡಿನಲ್ಲಿ ಅವಳಿಗಿಂತ ಚಿಕ್ಕವಳಾಗಿದ್ದಳು.

“ಅಂಗಲ್ಲ ಸಾ,” ಎಂದು ಸಾಕಮ್ಮ ತೊದಲಿದಳು. ಮುನಿರತ್ನಮ್ಮ ಮೇಜಿನ ಕೆಳಗೆ ಅವಳ ಮಣಿಕಟ್ಟನ್ನು ಒತ್ತಿ ಹಿಡಿದಳು. “ಬಾಯ್ತಪ್ಪಿ ಅಂದವ್ಳೆ ಸಾ. ಅವ್ಳೇ ದೊಡ್ಡೋಳು. ಕಾರ್ಡಲ್ಲಿರೋದೇ ದಿಟ.”

“ನಿಮ್ಮ ತಲೆಯೇ ಜಾಸ್ತಿ ಬೆಳ್ಳಗಿದೆಯಲ್ಲ?”

“ನಮ್ಮಪ್ಪನ ಕೂದ್ಲು ನಂದು. ಒಸಿ ಬೇಗ ನರೆತೋಯ್ತು.”

ಗುಮಾಸ್ತ ಅವರಿಬ್ಬರನ್ನೂ ಮತ್ತೊಮ್ಮೆ ದಿಟ್ಟಿಸಿ ನೋಡಿ ಕಾರ್ಡುಗಳನ್ನು ಹಿಂದಕ್ಕೆ ಕೊಟ್ಟ. “ಹಾಗಾದ್ರೆ ನೀವು ಆರು ವರ್ಷ ಬಿಟ್ಟು ಅರ್ಜಿ ಹಾಕಿ. ಈ ಪಿಂಚಣಿಗೆ ಅರವತ್ತೈದು ತುಂಬಿರಬೇಕು.”

ಇಬ್ಬರೂ ಹೊರಗೆ ಬಂದು ಕೂಟಗಲ್ ಬಸ್ಸಿಗೆ ನಿಂತರು. ಟೀ ಕುಡಿಯಲು ಬಂದ ಗುಮಾಸ್ತ ಎದುರಿನ ಅಂಗಡಿಯಿಂದ ಇವರನ್ನೇ ನೋಡುತ್ತಿದ್ದ. ಬಸ್ ಬಂದಾಗ ಮುನಿರತ್ನಮ್ಮನಿಗೆ ಮಂಜುಗಣ್ಣಿನಲ್ಲಿ ಮೆಟ್ಟಿಲು ಕಾಣಿಸದೆ ಕಾಲು ತಡವರಿಸಿತು. ಸಾಕಮ್ಮ ಕೂಗಲು ಬಾಯಿ ತೆರೆದವಳು, ಅವಳನ್ನು ಏನೆಂದು ಕರೆಯಬೇಕೋ ತೋಚದೆ, ಸುಮ್ಮನೆ ರಟ್ಟೆ ಹಿಡಿದು ಹತ್ತಿಸಿದಳು.