ಗೇಟಿನಲ್ಲಿ ಅತ್ತೆ

"ನಿನ್ನತ್ತೆಯಂತೆ ಕಣೇ! ಗೇಟಲ್ಲಿ ನಿಂತಿದ್ದಾಳೆ!"

ಗೇಟು ಕಾಯುವವಳು ಓಡಿಬಂದು ಹೇಳಿದ್ದಷ್ಟೇ. ಸೊಸೆ ಕೈಯಲ್ಲಿದ್ದ ಒದ್ದೆ ಬೆಡ್‌ಶೀಟನ್ನು ಅಲ್ಲೇ ಬಿಟ್ಟು, ಕೊಳೆ ಬಟ್ಟೆಯ ತಳ್ಳುಗಾಡಿಯೊಳಗೆ ಧುಮುಕಿದಳು. ಇಸ್ತ್ರಿ ಅಕ್ಕ ಅವಳ ಮೇಲೆ ಒಂದು ರಾಶಿ ದಿಂಬಿನ ಕವರು ಸುರಿದಳು.

"ಉಸಿರಾಡು. ಮೂಸಬೇಡ."

ಹೋಟೆಲುಗಳ ಬಟ್ಟೆ, ಜೊತೆಗೆ ಪಕ್ಕದ ಪೊಲೀಸ್ ಠಾಣೆಯದೂ ಒಗೆಯುವ ಲಾಂಡ್ರಿ ಅದು. ಕೆಳಗೆ ಯಂತ್ರಗಳು, ಮೇಲೆ ಕೆಲಸದ ಹೆಂಗಸರು ಮಲಗುವ ಕೋಣೆ. ಹೆಚ್ಚಿನವರು ಎಲ್ಲೆಲ್ಲಿಂದಲೋ ಓಡಿಬಂದವರು. ಯಾಕೆ ಓಡಿಬಂದೆ ಎಂದು ಯಾರೂ ಯಾರನ್ನೂ ಕೇಳುತ್ತಿರಲಿಲ್ಲ. ಹುಡುಕಿಕೊಂಡು ಬಂದವರಿಗೆ ಸುಳ್ಳು ಹೇಳಬೇಕು ಎಂಬುದಷ್ಟೇ ಅಲ್ಲಿಯ ಕಾನೂನು. ಯಾವ ಸುಳ್ಳು ಎಂಬುದನ್ನು ಮಾತ್ರ ಯಾರೂ ಮಾತಾಡಿಕೊಂಡಿರಲಿಲ್ಲ.

ಸೊಸೆಯ ಎಡಗಿವಿ ಕೇಳುವುದಿಲ್ಲ. ಗಂಡನ ಏಟು. ಅವತ್ತು ಅತ್ತೆ ಒಲೆ ಮುಂದಿನಿಂದ ಏಳಲೂ ಇಲ್ಲ. "ಅವನದು ಅವರಪ್ಪನದೇ ಕೈ," ಎಂದಿದ್ದಳು, ಮಗುವಿನ ಮೂಗು ಯಾರ ಹಾಗಿದೆ ಎಂದು ಹೇಳುವ ದನಿಯಲ್ಲಿ. ಅದಾದ ಮೇಲೆ ಸೊಸೆಗೆ ಈ ಜಾಗ ಹೇಳಿಕೊಟ್ಟವಳು ಪಕ್ಕದ ಮನೆಯ ಟೈಲರಮ್ಮ. "ಬೇಕಾದವರಿಗೆ ಬಿಟ್ಟು ಇನ್ಯಾರಿಗೂ ಬಾಯಿ ಬಿಡಲ್ಲ," ಎಂದು ಆಣೆ ಮಾಡಿದ್ದಳು. ಈಗ ನೋಡಿದರೆ ಅತ್ತೆಗೇ ಬಾಯಿ ಬಿಟ್ಟಿದ್ದಾಳೆ. ಕವರುಗಳ ಅಡಿಯಲ್ಲಿ ಮುದುಡಿ, ಸೊಸೆ ಟೈಲರಮ್ಮನ ಏಳು ತಲೆಮಾರಿಗೂ ಶಾಪ ಹಾಕಿದಳು. ಸದ್ಯ, ಬಲಗಿವಿ ಮೇಲಿತ್ತು. ಎಲ್ಲ ಕೇಳುತ್ತಿತ್ತು.

ಅತ್ತೆ ಗೇಟಿನ ಸರಳು ಹಿಡಿದು ನಿಂತಿದ್ದಳು. ಕಂಕುಳಲ್ಲಿ ಒಂದು ಗಂಟು. ಕಾಲಲ್ಲಿ ಒಂದು ನೀಲಿ ಚಪ್ಪಲಿ, ಒಂದು ಕೆಂಪು. ಬಲಗೈ ಸೆರಗಿನೊಳಗೆ.

"ಏನೋ ಬಚ್ಚಿಟ್ಟುಕೊಂಡಿದ್ದಾಳೆ," ಗೇಟಿನವಳು ಪಿಸುಗುಟ್ಟಿದಳು. "ಲಟ್ಟಣಿಗೇನೇ ಇರ್ಬೇಕು."

"ಎಲ್ಲಿ ನನ್ನ ಸೊಸೆ?"

"ಅವಳು ಕೆಲಸ ಬಿಟ್ಟು ಹೋದಳು," ಎಂದಳು ಗೇಟಿನವಳು.

"ಅಂಥವಳು ಇಲ್ಲಿಗೆ ಬಂದೇ ಇಲ್ಲ," ಎಂದಳು ಇಸ್ತ್ರಿ ಅಕ್ಕ, ಅದೇ ಉಸಿರಿಗೆ.

"ಪಾಪ, ತೀರಿಕೊಂಡಳು," ಎಂದು ಹಿಂದಿನಿಂದ ಸೋಪು ಕಲಸುವವಳು ಕಣ್ಣೊರೆಸಿಕೊಂಡಳು. ಕೈಯಲ್ಲಿ ಸೋಪಿದ್ದುದರಿಂದ ಕಣ್ಣೀರು ನಿಜವಾಗಿಯೇ ಬಂತು.

ಅತ್ತೆ ಮೂವರ ಮುಖವನ್ನೂ ಸರದಿಯಂತೆ ನೋಡಿದಳು. "ಬರದೇ ಇದ್ದವಳು ಬಿಟ್ಟು ಹೋಗಿ ಸತ್ತಳಾ?"

ಅತ್ತೆ ಎಡಗೈಯಿಂದ ಗೇಟನ್ನು ಜೋರಾಗಿ ಅಲುಗಾಡಿಸಿದಳು. ಸದ್ದಾಯಿತು, ಗೇಟು ಜಗ್ಗಲಿಲ್ಲ.

"ಅಗುಳಿ ಒಂದೇನಾ?"

"ಎರಡಿದೆ!"

"ಹಿಂದಿನ ಬಾಗಿಲು?"

"ಒಳಗಿಂದ ಬೀಗ!"

"ಗಂಡಸರನ್ನ ಬಿಡ್ತೀರಾ?"

"ಇಲ್ಲ."

"ಸ್ವಂತ ಗಂಡ ಬಂದು ಗಲಾಟೆ ಮಾಡಿದ್ರೂ?"

"ಗಂಡ ಆದ್ರೆ ಇನ್ನೂ ಬಿಡಲ್ಲ," ಎಂದಳು ಇಸ್ತ್ರಿ ಅಕ್ಕ.

"ಪೊಲೀಸ್ರನ್ನ ಕರ್ಕೊಂಡು ಬಂದ್ರೆ?"

"ಬರಲಿ. ಅವರ ಪ್ಯಾಂಟು ಒಗೆಯೋರೂ ನಾವೇ. ಅವರ ಬಣ್ಣ ನಮಗೆ ಗೊತ್ತು."

ಅತ್ತೆ ಹೂಂ ಎಂದು ತಲೆಯಾಡಿಸಿದಳು. ತಿರುಗಿ ರಸ್ತೆಯ ತುದಿ ನೋಡಿದಳು. ಸ್ವಲ್ಪ ಹೊತ್ತಿಗೆ ಮತ್ತೆ ನೋಡಿದಳು.

"ಮಗ ಹಿಂದೆ ಬರ್ತಿದ್ದಾನೆ," ಇಸ್ತ್ರಿ ಅಕ್ಕ ತೀರ್ಪು ಕೊಟ್ಟಳು. "ಮುಂಚೆ ಬಂದು ಬೀಗ, ಅಗುಳಿ ಎಲ್ಲ ನೋಡ್ಕೊಳ್ತಿದ್ದಾಳೆ ಮುದುಕಿ. ಬಿಸಿನೀರು ತಗೊಂಡು ಬಾರೇ."

ಸೋಪಿನವಳು ಬಕೆಟ್ ತಂದಳು. ಆಗಲೇ ತಳ್ಳುಗಾಡಿ ಸೀನಿತು.

ಇಸ್ತ್ರಿ ಅಕ್ಕ ತಕ್ಷಣ ತಾನೂ ಸೀನಿದಳು. ಗೇಟಿನವಳು ಸೀನಿದಳು. ಸೋಪಿನವಳು ಅಳುವುದೋ ಸೀನುವುದೋ ತಿಳಿಯದೆ ಎರಡನ್ನೂ ಮಾಡಿದಳು. ಆದರೆ ಸೀನಿದ ರಭಸಕ್ಕೆ ಗಾಡಿ ಅಲುಗಿತ್ತು. ನೀರು ಹರಿದುಹೋಗಲೆಂದು ಆ ನೆಲವನ್ನು ಗೇಟಿನ ಕಡೆಗೆ ಇಳಿಜಾರು ಮಾಡಿದ್ದರು. ಗಾಡಿ ಮೊದಲು ಯೋಚಿಸುವಂತೆ ಒಂಚೂರು ಸರಿಯಿತು, ಆಮೇಲೆ ಹೊರಟೇಬಿಟ್ಟಿತು. ಹಿಡಿಯಲು ಓಡಿದ ಇಸ್ತ್ರಿ ಅಕ್ಕ ಒದ್ದೆ ಬೆಡ್‌ಶೀಟಿನ ಮೇಲೆ ಜಾರಿ, ಗಾಡಿಯ ಹಿಂದೆಯೇ ಕೂತಲ್ಲೇ ಮೆರವಣಿಗೆ ಹೋದಳು. ಗಾಡಿ ನೇರ ಬಂದು ಅತ್ತೆಯ ಎದುರಿಗೆ ಗೇಟಿಗೆ ಗುದ್ದಿ ನಿಂತಿತು.

ಸೊಸೆ ಎದ್ದು ನಿಂತಳು. ತಲೆಯ ಮೇಲೆ ದಿಂಬಿನ ಕವರು ಟೋಪಿಯಂತೆ ಕೂತಿತ್ತು. ಅದನ್ನು ತೆಗೆಯಲೂ ಮರೆತು, ಸರಳುಗಳ ಈಚೆಯಿಂದ ಕೂಗಿದಳು.

"ನಾನು ಬರಲ್ಲ ಅತ್ತೆ! ನನ್ನ ಹೆಣ ಕೂಡ ಆ ಮನೆಗೆ ಬರಲ್ಲ!"

ಇಸ್ತ್ರಿ ಅಕ್ಕ ಬಿದ್ದಲ್ಲಿಂದಲೇ ಬಕೆಟ್ಟಿಗೆ ಕೈ ಚಾಚಿದಳು. ಅತ್ತೆ ಸೆರಗಿನೊಳಗಿಂದ ಬಲಗೈ ಹೊರತೆಗೆದಳು.

ಲಟ್ಟಣಿಗೆ ಇರಲಿಲ್ಲ. ಮಣಿಕಟ್ಟು ಬದನೆಕಾಯಿಯಂತೆ ಊದಿ, ನೀಲಿಗಟ್ಟಿತ್ತು. ಹಳೇ ಬಟ್ಟೆಯ ಚೂರೊಂದನ್ನು ಸುತ್ತಿ ಕಟ್ಟಿದ್ದಳು.

"ನಿನ್ನನ್ನ ಕರೆದೋರು ಯಾರೇ? ಗೇಟು ತೆಗೆಸು, ಆ ಗಾಡೀಲಿ ಸ್ವಲ್ಪ ಸರಿದು ನಂಗೂ ಜಾಗ ಬಿಡು," ಎಂದಳು ಅತ್ತೆ. "ನಿಮ್ಮಾವ ನನ್ನ ಹುಡುಕ್ಕೊಂಡು ಮುಂದಿನ ಬಸ್ಸಲ್ಲಿ ಬರ್ತಿದ್ದಾರೆ, ಆಗಲಾದ್ರೂ ಎಲ್ಲರೂ ಒಂದೇ ಸುಳ್ಳು ಹೇಳಿ."